ಟಿಕೆಟ್ ಎಣಿಸಿದ ಕಂಪನಿ: ಬ್ರೆಜಿಲ್ ಸಿನಿಮಾ ಮತ್ತು ಎಂಬ್ರಾಫಿಲ್ಮ್

ಬ್ರೆಜಿಲ್ ಸಿನಿಮಾ ಅಂದರೆ ನಮ್ಮ ಫಿಲ್ಮ್ ಸೊಸೈಟಿಗಳಲ್ಲಿ ಮೊದಲು ಬರುವ ಹೆಸರು ಗ್ಲೌಬರ್ ರೊಶಾ. ಆಮೇಲೆ ನೆಲ್ಸನ್ ಪೆರೇರಾ ದೊಸ್ ಸಾಂತೊಸ್, ಕಾರ್ಲೊಸ್ ಡಿಯೆಗೆಸ್. ಈಚಿನವರು ವಾಲ್ಟರ್ ಸಾಲೆಸ್ ಹೆಸರು ಹೇಳುತ್ತಾರೆ. ಇವರ ಬಗ್ಗೆ ಬೇಕಾದಷ್ಟು ಪುಸ್ತಕಗಳಿವೆ, ಆದ್ದರಿಂದ ಇವತ್ತು ಇವರನ್ನು ಪಕ್ಕಕ್ಕಿಡೋಣ. ನಾನು ಹೇಳಹೊರಟಿರುವುದು ಒಂದು ಸರ್ಕಾರಿ ಕಂಪನಿಯ ಕಥೆ. ಅದರ ಹೆಸರು ಎಂಬ್ರಾಫಿಲ್ಮ್. 1969ರಲ್ಲಿ ಹುಟ್ಟಿತು, 1990ರಲ್ಲಿ ಸರ್ಕಾರದ ಒಂದೇ ಆದೇಶಕ್ಕೆ ಸತ್ತಿತು. ಎಪ್ಪತ್ತರ, ಎಂಬತ್ತರ ದಶಕದ ಬ್ರೆಜಿಲ್ ಚಿತ್ರ ನೋಡಿದವರು ಟೈಟಲ್ ಕಾರ್ಡಿನಲ್ಲಿ ಆ ಹೆಸರು ಓದಿರುತ್ತೀರಿ, ಓದಿ ಮರೆತಿರುತ್ತೀರಿ.

ಬ್ರೆಜಿಲ್‌ನಲ್ಲಿ ಚಿತ್ರ ತೆಗೆಯುವುದು ಎಂದೂ ಅಷ್ಟು ದೊಡ್ಡ ಸಮಸ್ಯೆಯಾಗಿರಲಿಲ್ಲ. ಕ್ಯಾಮೆರಾ ಇತ್ತು, ಕಲಾವಿದರಿದ್ದರು, ಕಥೆಗಳಿಗಂತೂ ಬರವಿರಲಿಲ್ಲ. ತೆಗೆದ ಚಿತ್ರ ಥಿಯೇಟರಿನ ಬಾಗಿಲು ದಾಟುವುದು, ದಾಟಿದ ಮೇಲೆ ಎಷ್ಟು ಜನ ನೋಡಿದರು ಅಂತ ನಿಜವಾದ ಲೆಕ್ಕ ಸಿಗುವುದು, ಆ ಲೆಕ್ಕದ ಪ್ರಕಾರ ದುಡ್ಡು ಹಿಂದಿರುಗುವುದು, ಈ ಮೂರು ಜಾಗದಲ್ಲಿ ಅದು ಎಡವುತ್ತಿತ್ತು. ಎಂಬ್ರಾಫಿಲ್ಮ್ ಕೈ ಹಾಕಿದ್ದು ಈ ಮೂರಕ್ಕೆ. ಅದು ಏನು ಮಾಡಿತು ಅಂತ ತಿಳಿಯಬೇಕಾದರೆ ಸ್ವಲ್ಪ ಹಿಂದಕ್ಕೆ ಹೋಗಬೇಕು.

ರಿಯೊ ನಗರದಲ್ಲಿ ಮೊದಲ ಪ್ರದರ್ಶನ ನಡೆದದ್ದು 1896ರ ಜುಲೈನಲ್ಲಿ. ಆದರೆ ಮುಂದಿನ ಹತ್ತು ವರ್ಷ ಸಿನಿಮಾ ಅಲ್ಲಿ ಬೇರೂರಲಿಲ್ಲ. ಕಾರಣ ಸರಳ, ಕರೆಂಟು ಸರಿಯಾಗಿರಲಿಲ್ಲ. 1907ರಲ್ಲಿ ನಗರಕ್ಕೆ ಜಲವಿದ್ಯುತ್ ಬಂತು, ಕೆಲವೇ ತಿಂಗಳಲ್ಲಿ ಸಾಲುಸಾಲು ಚಿತ್ರಮಂದಿರಗಳು ತೆರೆದವು. 1908ರಿಂದ 1911ರವರೆಗಿನ ಕಾಲವನ್ನು ಬ್ರೆಜಿಲ್ ಚರಿತ್ರಕಾರರು ಸುವರ್ಣಕಾಲ ಅನ್ನುತ್ತಾರೆ. ಪರದೆಯ ಹಿಂದೆ ನಿಂತು ಗಾಯಕರು ಚಿತ್ರದ ತುಟಿಗೆ ಸರಿಯಾಗಿ ಹಾಡುವ ಚಿತ್ರಗಳು ಬಂದವು, ಪತ್ರಿಕೆಯಲ್ಲಿ ಬಂದ ಕೊಲೆ ಪ್ರಕರಣಗಳು ಚಿತ್ರಗಳಾದವು. ಇದು ಹೇಗೆ ಸಾಧ್ಯವಾಯಿತು? ಥಿಯೇಟರ್ ಮಾಲೀಕನೇ ನಿರ್ಮಾಪಕನಾಗಿದ್ದ. ತನ್ನ ಪರದೆಗೆ ಬೇಕಾದ ಸರಕು ತಾನೇ ತಯಾರಿಸಿಕೊಳ್ಳುತ್ತಿದ್ದ. ಗಲ್ಲಾಪೆಟ್ಟಿಗೆ ಅವನದೇ, ಚಿತ್ರವೂ ಅವನದೇ. ನಡುವೆ ಲೆಕ್ಕ ಕೇಳುವವರು ಯಾರೂ ಇರಲಿಲ್ಲ.

1911ರ ಹೊತ್ತಿಗೆ ಫ್ರಾನ್ಸಿಸ್ಕೊ ಸೆರಾದೋರ್ ಎಂಬ ಸ್ಪೇನ್ ಮೂಲದ ವ್ಯಾಪಾರಿ ಥಿಯೇಟರುಗಳನ್ನು ಒಂದೊಂದಾಗಿ ಕೊಂಡು ದೊಡ್ಡ ಕಂಪನಿ ಕಟ್ಟಿದ. ವಿದೇಶಿ ಚಿತ್ರಗಳನ್ನು ಸಗಟಾಗಿ ತರಿಸಿ ತನ್ನ ಥಿಯೇಟರುಗಳಿಗೂ ಬೇರೆಯವರ ಥಿಯೇಟರುಗಳಿಗೂ ಹಂಚತೊಡಗಿದ. ಆ ಚಿತ್ರಗಳು ತಮ್ಮ ದೇಶದಲ್ಲೇ ಹಾಕಿದ ದುಡ್ಡು ಗಿಟ್ಟಿಸಿಕೊಂಡು ಬಂದಿರುತ್ತಿದ್ದವು. ಬ್ರೆಜಿಲ್‌ನಲ್ಲಿ ತಗಲುತ್ತಿದ್ದದ್ದು ಪ್ರಿಂಟ್ ಮತ್ತು ಪ್ರಚಾರದ ಖರ್ಚು ಮಾತ್ರ. ಸ್ಥಳೀಯ ಚಿತ್ರವಾದರೆ ಪೂರ್ತಿ ಬಂಡವಾಳವನ್ನು ಆ ಒಂದೇ ಮಾರುಕಟ್ಟೆಯಲ್ಲಿ ದುಡಿಯಬೇಕು. ಕೆಲವೇ ವರ್ಷಗಳಲ್ಲಿ ಕಥಾಚಿತ್ರಗಳು ಅಪರೂಪವಾದವು. ಉಳಿದುಕೊಂಡ ಛಾಯಾಗ್ರಾಹಕರು ಕಾಫಿ ತೋಟದ ಮಾಲೀಕರಿಗೆ, ರಾಜಕಾರಣಿಗಳಿಗೆ, ಕಾರ್ಖಾನೆಗಳಿಗೆ ಹೇಳಿ ಮಾಡಿಸಿದ ಸುದ್ದಿಚಿತ್ರ ತೆಗೆದು ಹೊಟ್ಟೆ ಹೊರೆದರು.

ಸರ್ಕಾರ ಈ ಕಡೆ ತಲೆ ಹಾಕಿದ್ದು 1932ರಲ್ಲಿ, ಜೆಟೂಲಿಯೊ ವಾರ್ಗಸ್ ಕಾಲದಲ್ಲಿ. ಮೊದಲು ಕಿರುಚಿತ್ರಗಳಿಗೆ ಕಡ್ಡಾಯ ಪ್ರದರ್ಶನದ ದಾರಿ ಮಾಡಿಕೊಟ್ಟರು. 1939ರ ಕೊನೆಯಲ್ಲಿ ಪ್ರತಿ ಥಿಯೇಟರು ವರ್ಷಕ್ಕೆ ಒಂದು ದೇಶೀ ಕಥಾಚಿತ್ರ ಹಾಕಲೇಬೇಕು ಅಂದರು. 1946ರಲ್ಲಿ ಒಂದು ಮೂರಾಯಿತು. 1951ರಲ್ಲಿ ಎಂಟು ವಿದೇಶಿ ಕಾರ್ಯಕ್ರಮಕ್ಕೆ ಒಂದು ದೇಶೀ ಚಿತ್ರ ಅನ್ನುವ ನಿಯಮ ಬಂತು. ಕೇಳಲು ಚೆನ್ನಾಗಿದೆ. ಆದರೆ ಸಂಖ್ಯೆಯಲ್ಲಿ ಕೋಟಾ ಇಟ್ಟರೆ ಏನಾಗುತ್ತದೆ ನೋಡಿ. ವರ್ಷಕ್ಕೆ ಮೂರು ಚಿತ್ರ ಅಂತಷ್ಟೇ ಹೇಳಿದರೆ ಮಾಲೀಕ ಆ ಮೂರನ್ನೂ ಮಳೆಗಾಲದ ಸೋಮವಾರ, ಮಂಗಳವಾರಗಳಿಗೆ ತಳ್ಳಿ, ಎರಡು ದಿನಕ್ಕೆ ಕಿತ್ತು ಕಾನೂನು ಪಾಲಿಸಿದೆ ಅನ್ನಬಹುದು. ಅದಕ್ಕೇ 1959ರಿಂದ ಎಣಿಕೆ ದಿನಗಳಿಗೆ ತಿರುಗಿತು. ಮೊದಲು ವರ್ಷಕ್ಕೆ 42 ದಿನ, 1963ರಲ್ಲಿ 56 ದಿನ.

ಕೋಟಾದ ಒಳಮರ್ಮ ಮೊದಲು ಹೊಳೆದದ್ದು ಒಬ್ಬ ಥಿಯೇಟರ್ ಮಾಲೀಕನಿಗೇ ಅನ್ನುವುದು ತಮಾಷೆ. ಲೂಯಿಸ್ ಸೆವೆರಿಯಾನೊ ರಿಬೇರೊ ಜೂನಿಯರ್ ಕೈಯಲ್ಲಿ ದೊಡ್ಡ ಥಿಯೇಟರ್ ಸರಪಳಿ ಇತ್ತು, ಹಂಚಿಕೆ ಕಂಪನಿ ಇತ್ತು, ಪ್ರಿಂಟ್ ಹಾಕುವ ಲ್ಯಾಬ್ ಕೂಡ ಇತ್ತು. ದೇಶೀ ಚಿತ್ರ ಹಾಕುವುದು ಹೇಗೂ ಕಡ್ಡಾಯ, ಹಾಗಿದ್ದ ಮೇಲೆ ಬೇರೆಯವರ ಚಿತ್ರಕ್ಕೆ ಯಾಕೆ ಪಾಲು ಕೊಡಬೇಕು ಅಂದುಕೊಂಡ. 1941ರಲ್ಲಿ ಶುರುವಾಗಿದ್ದ ಅಟ್ಲಾಂಟಿಡಾ ಸ್ಟುಡಿಯೊದ ಹಿಡಿತವನ್ನು 1947ರಲ್ಲಿ ತೆಗೆದುಕೊಂಡ. ಕಾರ್ನಿವಲ್ ಹಾಡು, ಹಾಸ್ಯ, ಸ್ವಲ್ಪ ಪ್ರೇಮ ಬೆರೆಸಿದ ಅಗ್ಗದ ಶಾಂಶಾದ ಚಿತ್ರಗಳು ಅಲ್ಲಿಂದ ಹೊರಬಿದ್ದವು. ಓಸ್ಕರಿಟೊ ಮತ್ತು ಗ್ರಾಂದೆ ಓಟೆಲೊ ಜೋಡಿಗೆ ಜನ ಮುಗಿಬಿದ್ದರು. ವಿಮರ್ಶಕರು ಮೂಗು ಮುರಿದರು. ಆದರೆ ಆ ಚಿತ್ರಗಳು ನಡೆದವು, ಯಾಕೆಂದರೆ 1908ರ ಸೂತ್ರವೇ ಇಲ್ಲೂ ಕೆಲಸ ಮಾಡುತ್ತಿತ್ತು: ಪರದೆ, ಹಂಚಿಕೆ, ನಿರ್ಮಾಣ ಮೂರೂ ಒಂದೇ ಕೈಯಲ್ಲಿ.

ಇದಕ್ಕೆ ನೇರ ಎದುರು ವೇರಾ ಕ್ರೂಜ್ ಕಥೆ. 1949ರ ನವೆಂಬರಿನಲ್ಲಿ ಸಾವೊ ಪಾವ್ಲೊ ಪಕ್ಕದ ಸಾವೊ ಬೆರ್ನಾರ್ಡೊದಲ್ಲಿ ಉದ್ಯಮಿ ಫ್ರಾಂಕೊ ಜಂಪಾರಿ ಮತ್ತು ಗೆಳೆಯರು ಈ ಸ್ಟುಡಿಯೊ ಕಟ್ಟಿದರು. ಯುರೋಪಿನಲ್ಲಿ ಹೆಸರು ಮಾಡಿದ್ದ ಅಲ್ಬೆರ್ಟೊ ಕವಲ್ಕಾಂಟಿಯನ್ನು ಕರೆಸಿದರು. ಇಂಗ್ಲೆಂಡಿನಿಂದ ಛಾಯಾಗ್ರಾಹಕ ಚಿಕ್ ಫೌಲ್ ಬಂದ, ಸಂಕಲನಕ್ಕೆ ಓಸ್ವಾಲ್ಡ್ ಹಾಫೆನ್‌ರಿಕ್ಟರ್ ಬಂದ. ಬೆಳಕು, ಧ್ವನಿ, ಸೆಟ್ ಎಲ್ಲ ಅಂತರರಾಷ್ಟ್ರೀಯ ಮಟ್ಟದ್ದು. ಥಿಯೇಟರ್ ಮಾತ್ರ ಒಂದೂ ಇರಲಿಲ್ಲ. ಟಿಕೆಟ್ ದರಕ್ಕೆ ಸರ್ಕಾರದ ಮಿತಿ ಇತ್ತು, ಖರ್ಚಿಗೆ ಮಿತಿ ಇರಲಿಲ್ಲ. 1953ರಲ್ಲಿ ಲಿಮಾ ಬರೆಟೊ ನಿರ್ದೇಶಿಸಿದ 'ಓ ಕಂಗಸೇರೊ' ಕಾನ್ ಉತ್ಸವದಲ್ಲಿ ಬಹುಮಾನ ಗೆದ್ದು ದೇಶದೇಶಗಳಲ್ಲಿ ಓಡಿತು. ಅದರ ವಿದೇಶಿ ಗಳಿಕೆಯ ಬಹುಪಾಲು ಸೇರಿದ್ದು ಹಂಚಿಕೆ ಹಕ್ಕು ಪಡೆದಿದ್ದ ಕೊಲಂಬಿಯಾ ಕಂಪನಿಗೆ. ಮರುವರ್ಷವೇ ವೇರಾ ಕ್ರೂಜ್ ಸಾಲದಲ್ಲಿ ಮುಳುಗಿ ನಿಂತಿತು. ತೆಗೆದ ಕಥಾಚಿತ್ರಗಳು 18. ಇದನ್ನು ಕಲೆಯ ಸೋಲು ಅಂತ ಬರೆದವರಿದ್ದಾರೆ. ನನ್ನ ಪ್ರಕಾರ ಇದು ಶುದ್ಧ ಹಂಚಿಕೆಯ ಸೋಲು.

ಇಲ್ಲಿ ಸ್ವಲ್ಪ ದಾರಿ ಬಿಟ್ಟು ಮಜ್ಜರೋಪಿ ಬಗ್ಗೆ ಹೇಳಲೇಬೇಕು. ಅಮಾಸಿಯೊ ಮಜ್ಜರೋಪಿ ಹಳ್ಳಿಗಮಾರನ ಪಾತ್ರಕ್ಕೆ ಹೆಸರಾದ ಹಾಸ್ಯನಟ, ವೇರಾ ಕ್ರೂಜ್ ಚಿತ್ರಗಳಿಂದಲೇ ಬೆಳಕಿಗೆ ಬಂದವನು. ಆ ಕಂಪನಿ ಮುಳುಗಿದ್ದನ್ನು ಹತ್ತಿರದಿಂದ ಕಂಡವನು 1958ರಲ್ಲಿ ತನ್ನದೇ ಪಾಮ್ ಫಿಲ್ಮೆಸ್ ಕಟ್ಟಿದ. ವರ್ಷಕ್ಕೆ ಸುಮಾರು ಒಂದು ಚಿತ್ರ, ತನ್ನದೇ ದುಡ್ಡು, ತನ್ನದೇ ಹಂಚಿಕೆ. ಥಿಯೇಟರುಗಳಿಗೆ ತನ್ನ ಕಡೆಯ ತಪಾಸಣೆಗಾರರನ್ನು ಕಳಿಸುತ್ತಿದ್ದ. ಅವರು ಬಾಗಿಲ ಬಳಿ ನಿಂತು ತಲೆ ಎಣಿಸುತ್ತಿದ್ದರು. ನಮ್ಮಲ್ಲಿ ಪ್ರಿಂಟಿನ ಜೊತೆ ಊರೂರಿಗೆ ರೆಪ್ರೆಸೆಂಟೇಟಿವ್ ಹೋಗುತ್ತಿದ್ದದ್ದು ಬಲ್ಲವರಿಗೆ ಇದನ್ನು ವಿವರಿಸಬೇಕಿಲ್ಲ. ಮಜ್ಜರೋಪಿ 1981ರಲ್ಲಿ ತೀರಿಕೊಳ್ಳುವವರೆಗೂ ಅವನ ಚಿತ್ರಗಳಿಗೆ ಜನ ಕಡಿಮೆಯಾಗಲಿಲ್ಲ. ಒಬ್ಬ ನಟ ತನ್ನ ಮಟ್ಟಿಗೆ ಮಾಡಿಕೊಂಡ ಈ ವ್ಯವಸ್ಥೆಯನ್ನು ಇಡೀ ದೇಶದ ಚಿತ್ರಗಳಿಗೆ ಮಾಡಬಹುದೇ? ಎಂಬ್ರಾಫಿಲ್ಮ್ ಕೊನೆಗೆ ಉತ್ತರಿಸಬೇಕಾದ ಪ್ರಶ್ನೆ ಇದು.

1964ರಲ್ಲಿ ಸೈನ್ಯ ಅಧಿಕಾರ ಹಿಡಿಯಿತು. 1966ರಲ್ಲಿ ರಾಷ್ಟ್ರೀಯ ಸಿನಿಮಾ ಸಂಸ್ಥೆ ಹುಟ್ಟಿತು. ಕೋಟಾ ಜಾರಿ, ಅಂಕಿಅಂಶ, ಬಹುಮಾನ ಅದರ ಕೆಲಸ. ಎಂಬ್ರಾಫಿಲ್ಮ್ ಸ್ಥಾಪನೆಯ ಆದೇಶಕ್ಕೆ ಸಹಿ ಬಿದ್ದದ್ದು 1969ರ ಸೆಪ್ಟೆಂಬರ್ 12ರಂದು. ಆ ದಿನಗಳನ್ನು ಗಮನಿಸಿ. ಅಧ್ಯಕ್ಷ ಕೊಸ್ತಾ ಎ ಸಿಲ್ವಾ ಪಾರ್ಶ್ವವಾಯು ಬಡಿದು ಮಲಗಿದ್ದ. ಮೂರು ಸೇನಾ ಮಂತ್ರಿಗಳು ದೇಶ ನಡೆಸುತ್ತಿದ್ದರು. ಅಮೆರಿಕದ ರಾಯಭಾರಿಯನ್ನು ಎಡಪಂಥೀಯ ಗುಂಪುಗಳು ಅಪಹರಿಸಿ ಬಿಡುಗಡೆ ಮಾಡಿ ಒಂದು ವಾರವೂ ಆಗಿರಲಿಲ್ಲ. ಅಂಥ ಹೊತ್ತಿನಲ್ಲಿ ಸಿನಿಮಾ ಕಂಪನಿ ಯಾಕೆ? ಕಾಗದದ ಮೇಲಿನ ಉದ್ದೇಶ ಬ್ರೆಜಿಲ್ ಚಿತ್ರಗಳನ್ನು ವಿದೇಶದಲ್ಲಿ ಹಂಚುವುದು. ಅದೇ ವರ್ಷ ಮೇ ತಿಂಗಳಲ್ಲಿ ಗ್ಲೌಬರ್ ರೊಶಾ ಕಾನ್‌ನಲ್ಲಿ ನಿರ್ದೇಶನದ ಬಹುಮಾನ ಗೆದ್ದಿದ್ದ. ಒಳಗೆ ಸೆನ್ಸಾರ್ ಬಿಗಿ, ಹೊರಗೆ ಸಿನಿಮಾದಿಂದ ದೇಶಕ್ಕೆ ಒಳ್ಳೆಯ ಹೆಸರು. ಎರಡೂ ಒಟ್ಟಿಗೆ ಬೇಕಾಗಿತ್ತು.

ಮೊದಲ ನಾಲ್ಕು ವರ್ಷ ಎಂಬ್ರಾಫಿಲ್ಮ್ ಮಾಡಿದ್ದು ಮುಖ್ಯವಾಗಿ ಕಡಿಮೆ ಬಡ್ಡಿಯ ಸಾಲ ಕೊಡುವ ಕೆಲಸ. ಸಾಲದಲ್ಲಿ ಒಂದು ತೊಡಕಿದೆ. ಚಿತ್ರ ಗೆದ್ದರೂ ಸೋತರೂ ನಿರ್ಮಾಪಕ ತೀರಿಸಬೇಕು. ಹಾಗಾಗಿ ಸಾಲ ಹೋಗುವುದು ತೀರಿಸುವ ಶಕ್ತಿ ಇದ್ದವರಿಗೆ, ಅಂದರೆ ಈಗಾಗಲೇ ಕಂಪನಿ ಇದ್ದು ಅಪಾಯವಿಲ್ಲದ ಚಿತ್ರ ತೆಗೆಯುವವರಿಗೆ. ಕಂಪನಿಯೂ ಚಿತ್ರದ ಗೆಲುವಿನಲ್ಲಿ ಆಸಕ್ತಿ ಇಡಬೇಕಾಗಿರಲಿಲ್ಲ. ಕಂತು ಬಂದರೆ ಅದಕ್ಕೆ ಸಾಕು.

1974ರಲ್ಲಿ ಜನರಲ್ ಗೈಸೆಲ್ ಅಧ್ಯಕ್ಷನಾದ ಮೇಲೆ ಎಂಬ್ರಾಫಿಲ್ಮ್ ಮುಖ್ಯಸ್ಥನಾಗಿ ಬಂದವನು ರೊಬೆರ್ಟೊ ಫರಿಯಾಸ್. ಸ್ವತಃ ನಿರ್ದೇಶಕ, ನಿರ್ಮಾಪಕ. ಹಂಚಿಕೆ ವಿಭಾಗ ವಹಿಸಿಕೊಂಡವನು ಗುಸ್ತಾವೊ ದಾಲ್, ಸಿನಿಮಾ ನೋವೊ ಅಂದರೆ ಅರವತ್ತರ ದಶಕದ ಹೊಸ ಅಲೆಯ ಗುಂಪಿನ ವಿಮರ್ಶಕ ಮತ್ತು ನಿರ್ದೇಶಕ. ಮಾರುಕಟ್ಟೆಯೇ ಸಂಸ್ಕೃತಿ ಅಂತ ಬರೆದವನು ಇವನೇ. ಸಂಸ್ಕೃತಿ ಬೇರೆ ವ್ಯಾಪಾರ ಬೇರೆ ಅಂದುಕೊಂಡಿದ್ದ ಗೆಳೆಯರಿಗೆ ಆ ಮಾತು ಹಿಡಿಸಲಿಲ್ಲ, ಆದರೆ ಎಂಬ್ರಾಫಿಲ್ಮ್ ಅದರಂತೆಯೇ ನಡೆಯಿತು.

ಸಾಲದ ಬದಲು ಪಾಲುದಾರಿಕೆ ಬಂತು. ಲೆಕ್ಕ ಹೀಗಿತ್ತು. ಚಿತ್ರದ ಬಜೆಟ್ ನೂರು ಅಂದುಕೊಳ್ಳಿ. ಅದರಲ್ಲಿ 30ನ್ನು ಎಂಬ್ರಾಫಿಲ್ಮ್ ಸಹನಿರ್ಮಾಪಕನಾಗಿ ಹಾಕುತ್ತದೆ, ಚಿತ್ರದ ಒಡೆತನದಲ್ಲಿ ಅಷ್ಟೇ ಪಾಲು ಪಡೆಯುತ್ತದೆ. ಇನ್ನೊಂದು 30ನ್ನು ಹಂಚಿಕೆಯ ಮುಂಗಡವಾಗಿ ಕೊಡುತ್ತದೆ. ಮುಂಗಡವೆಂದರೆ ಚಿತ್ರದ ಗಳಿಕೆಯಿಂದ ಮೊದಲು ಮುರಿದುಕೊಳ್ಳುವ ದುಡ್ಡು. ಉಳಿದ 40 ನಿರ್ಮಾಪಕನ ಹೊಣೆ. ಚಿತ್ರ ಬಿದ್ದರೆ ಕಂಪನಿಯ ದುಡ್ಡೂ ಮುಳುಗುತ್ತದೆ. ಹಾಗಾಗಿ ಮೊದಲ ಬಾರಿಗೆ ಒಂದು ಸರ್ಕಾರಿ ಕಚೇರಿಗೆ ಚಿತ್ರ ಯಾವ ಊರಿನ ಯಾವ ಥಿಯೇಟರಿನಲ್ಲಿ, ಯಾವ ವಾರ ಬಿಡುಗಡೆ ಆಗಬೇಕು ಅನ್ನುವ ಚಿಂತೆ ಹತ್ತಿತು. ಮುಂದೆ ಕೆಲವು ಚಿತ್ರಗಳಿಗೆ ಈ ಪಾಲು ನೂರರವರೆಗೂ ಏರಿತು. ಅದು ಬೇರೆ ಕಾಯಿಲೆಗೆ ದಾರಿಯಾಯಿತು, ಆಮೇಲೆ ಹೇಳುತ್ತೇನೆ.

ಹಂಚಿಕೆ ಅಂದರೆ ಆ ಕಾಲದಲ್ಲಿ ಮೈಮುರಿಯುವ ಕೆಲಸ. 35 ಮಿಲಿಮೀಟರ್ ಫಿಲ್ಮ್ ನಿಮಿಷಕ್ಕೆ 90 ಅಡಿ ಓಡುತ್ತದೆ. ನೂರು ನಿಮಿಷದ ಚಿತ್ರವೆಂದರೆ 9,000 ಅಡಿ. ಎರಡು ಸಾವಿರ ಅಡಿಯ ರೀಲುಗಳಲ್ಲಿ ಐದಾರು ಡಬ್ಬ, ಒಟ್ಟು ತೂಕ ಇಪ್ಪತ್ತು ಕಿಲೋ ಮೇಲೆ. ಇದನ್ನು ರೈಲು, ಬಸ್ಸು ಹತ್ತಿಸಿ ಒಳನಾಡಿಗೆ ಕಳಿಸಬೇಕು, ವಾಪಸ್ ತರಿಸಬೇಕು, ಹರಿದ ಜಾಗ ಅಂಟಿಸಿ ಮುಂದಿನ ಊರಿಗೆ ಕಳಿಸಬೇಕು. ಸಾವೊ ಪಾವ್ಲೊ ನಗರದ ಹಂಚಿಕೆದಾರರೆಲ್ಲ ತ್ರಿಯುಂಫೊ ಬೀದಿಯ ಸುತ್ತ ಕಚೇರಿ ಮಾಡಿದ್ದು ರೈಲು ನಿಲ್ದಾಣ ಹತ್ತಿರ ಅನ್ನುವ ಕಾರಣಕ್ಕೆ. ಮೆಜೆಸ್ಟಿಕ್ ಪಕ್ಕದ ನಮ್ಮ ಗಾಂಧಿನಗರದ ಹಾಗೆಯೇ. ಎಂಬ್ರಾಫಿಲ್ಮ್ ದೇಶದ ಪ್ರಮುಖ ನಗರಗಳಲ್ಲಿ ಶಾಖೆ ತೆರೆದು ಈ ಜಾಲಕ್ಕೆ ಇಳಿಯಿತು. ಕೆಲವೇ ವರ್ಷಗಳಲ್ಲಿ ಅಮೆರಿಕನ್ ಕಂಪನಿಗಳ ಜೊತೆ ಸರಿಸಮ ನಿಲ್ಲುವ ಹಂಚಿಕೆದಾರನಾಯಿತು.

ಈಗ ಟಿಕೆಟ್ ವಿಷಯಕ್ಕೆ ಬರೋಣ. ಇದರ ಮೇಲೆ ಸ್ವಲ್ಪ ಹೊತ್ತು ನಿಲ್ಲುತ್ತೇನೆ, ಯಾಕೆಂದರೆ ಕೋಟಾ ಬಗ್ಗೆ ಎಲ್ಲರೂ ಬರೆಯುತ್ತಾರೆ, ಟಿಕೆಟ್ ಬಗ್ಗೆ ಬರೆಯುವವರು ಕಡಿಮೆ. ಥಿಯೇಟರ್ ಮಾಲೀಕ ತನಗೆ ಬೇಕಾದಲ್ಲಿ ಟಿಕೆಟ್ ಅಚ್ಚು ಹಾಕಿಸಿಕೊಳ್ಳುವ ಹಾಗಿದ್ದರೆ ಎಷ್ಟು ಮಾರಾಟವಾಯಿತು ಅನ್ನುವುದು ಅವನ ಬಾಯಿಮಾತು. ವಿದೇಶಿ ದೊಡ್ಡ ಕಂಪನಿಗೆ ಅವನು ಸುಳ್ಳು ಹೇಳಲು ಹಿಂಜರಿಯುತ್ತಾನೆ. ಮುಂದಿನ ದೊಡ್ಡ ಚಿತ್ರ ಸಿಗದೇ ಹೋದರೆ? ವರ್ಷಕ್ಕೊಂದು ಚಿತ್ರ ತೆಗೆಯುವ ಸ್ಥಳೀಯ ನಿರ್ಮಾಪಕನ ವಿಷಯದಲ್ಲಿ ಅಂಥ ಹೆದರಿಕೆ ಇಲ್ಲ. ಆದ್ದರಿಂದ ಸೋರಿಕೆಯ ಹೊರೆ ಬೀಳುತ್ತಿದ್ದದ್ದು ಹೆಚ್ಚಾಗಿ ದೇಶೀ ಚಿತ್ರದ ಮೇಲೆ.

1966ರಲ್ಲಿ ಹುಟ್ಟಿದ ರಾಷ್ಟ್ರೀಯ ಸಿನಿಮಾ ಸಂಸ್ಥೆ ತಂದದ್ದು ಏಕರೂಪದ ಟಿಕೆಟ್ ಮತ್ತು ಏಕರೂಪದ ಬೊರ್ಡೆರೋ. ಬೊರ್ಡೆರೋ ಅಂದರೆ ನಮ್ಮ ಚಿತ್ರೋದ್ಯಮದವರು ಡಿಸಿಆರ್ ಅನ್ನುತ್ತಾರಲ್ಲ, ದಿನದ ಕಲೆಕ್ಷನ್ ಹಾಳೆ, ಅದು. ಥಿಯೇಟರು ಕ್ರಮಸಂಖ್ಯೆ ಇರುವ ಟಿಕೆಟ್ಟುಗಳನ್ನು ಸರ್ಕಾರದ ಕಡೆಯಿಂದಲೇ ಕೊಳ್ಳಬೇಕು. ಆಟ ಶುರುವಾಗುವ ಮುನ್ನ ಸುರುಳಿಯ ಮೊದಲ ಸಂಖ್ಯೆ ಬರೆದುಕೊಳ್ಳಬೇಕು, ಕೌಂಟರ್ ಮುಚ್ಚಿದಾಗ ಮಾರದೆ ಉಳಿದ ಮೊದಲ ಟಿಕೆಟ್ಟಿನ ಸಂಖ್ಯೆ ಬರೆಯಬೇಕು. ಪೂರ್ತಿ ದರದ್ದು ಬೇರೆ, ವಿದ್ಯಾರ್ಥಿಗಳ ಅರ್ಧ ದರದ್ದು ಬೇರೆ. ಒಂದು ಉದಾಹರಣೆ ಹಾಕಿ ನೋಡೋಣ. ಸಂಜೆ ಆಟಕ್ಕೆ ಪೂರ್ತಿ ದರದ ಸುರುಳಿ 41201ರಿಂದ ಶುರುವಾಗಿ 41441ಕ್ಕೆ ನಿಂತಿದೆ, ಅಂದರೆ 240 ಟಿಕೆಟ್. ಅರ್ಧ ದರದ್ದು 8101ರಿಂದ 8221ರವರೆಗೆ, ಅಂದರೆ 120. ಹಾಳೆಯಲ್ಲಿ 360 ಪ್ರೇಕ್ಷಕರು. ಬಾಗಿಲಲ್ಲಿ ಹರಿದು ಪೆಟ್ಟಿಗೆಗೆ ಹಾಕಿದ ಅರ್ಧ ಚೂರುಗಳೂ 360 ಇರಬೇಕು.

ಒಳಗೆ ಕೂತ ತಲೆಗಳನ್ನು ಎಣಿಸಿದಾಗ 410 ಸಿಕ್ಕಿದರೆ? ಗೇಟ್ ಕೀಪರ್ ಐವತ್ತು ಟಿಕೆಟ್ ಹರಿಯದೇ ಜೇಬಿಗಿಟ್ಟು ಕೌಂಟರಿಗೆ ವಾಪಸ್ ಕೊಟ್ಟಿದ್ದಾನೆ, ಅಲ್ಲಿ ಅವು ಎರಡನೇ ಸಲ ಮಾರಾಟವಾಗಿವೆ ಅಂತ ಅರ್ಥ. ಪೆಟ್ಟಿಗೆಯ ಚೂರುಗಳಲ್ಲಿ ಹಾಳೆಯಲ್ಲಿಲ್ಲದ ಸಂಖ್ಯೆ ಸಿಕ್ಕಿದರೆ ಇನ್ನೊಂದು ಕಳ್ಳ ಸುರುಳಿ ಓಡುತ್ತಿದೆ. ಊರಿನಲ್ಲಿ ಕಾಲೇಜೇ ಇಲ್ಲ, ಆದರೂ ಅರ್ಧ ದರದ್ದೇ ಹೆಚ್ಚು ಅಂದರೆ ಪೂರ್ತಿ ದುಡ್ಡು ವಸೂಲಿ ಮಾಡಿ ಅರ್ಧ ಬರೆದಿದ್ದಾರೆ. ಕೋಟಾ ದಿನವೆಂದು ಬರೆದ ದಿನ ನಿಜವಾಗಿ ವಿದೇಶಿ ಚಿತ್ರ ಓಡಿರುವುದೂ ಉಂಟು. ಹಾಳೆ ಎಷ್ಟು ಚೆನ್ನಾಗಿದ್ದರೂ ಬಾಗಿಲಲ್ಲಿ ನಿಂತು ಎಣಿಸುವವನಿಲ್ಲದಿದ್ದರೆ ಈ ಯಾವುದೂ ಹೊರಬೀಳುವುದಿಲ್ಲ. ಬ್ರೆಜಿಲ್‌ನಂಥ ದೇಶದಲ್ಲಿ ಎಲ್ಲ ಊರಿಗೂ ಅಂಥವರನ್ನು ಕಳಿಸುವುದು ಆಗದ ಮಾತು. ಸೋರಿಕೆ ನಿಲ್ಲಲಿಲ್ಲ, ಕಡಿಮೆಯಾಯಿತು. ಅಷ್ಟೇ ಸಾಕಾಗಿತ್ತು. ಮೇಲಾಗಿ ದೇಶದಲ್ಲಿ ಯಾವ ಚಿತ್ರವನ್ನು ಎಷ್ಟು ಜನ ನೋಡಿದರು ಅನ್ನುವ ನಂಬಬಹುದಾದ ಅಂಕಿ ಮೊದಲ ಬಾರಿಗೆ ಸಿಗತೊಡಗಿತು.

1975ರ ಡಿಸೆಂಬರಿನಲ್ಲಿ ಸಿನಿಮಾ ಸಂಸ್ಥೆಯನ್ನು ಮುಚ್ಚಿ ಅದರ ಕೆಲಸವನ್ನು ಎಂಬ್ರಾಫಿಲ್ಮ್‌ಗೆ ವಹಿಸಿದರು, ಮರುವರ್ಷ ನಿಯಮ ರೂಪಿಸಲು ಕಾನ್ಸಿನೆ ಎಂಬ ಮಂಡಳಿ ಮಾಡಿದರು. ಕೋಟಾ 1975ರಲ್ಲೇ 112 ದಿನಕ್ಕೆ ಏರಿತ್ತು, ದಶಕ ಮುಗಿಯುವ ಹೊತ್ತಿಗೆ 133 ಆಗಿ, 1980ರಲ್ಲಿ 140 ಮುಟ್ಟಿತು. ಚಿತ್ರ ಚೆನ್ನಾಗಿ ಓಡುತ್ತಿದ್ದರೆ ಮಾಲೀಕ ಕಿತ್ತುಹಾಕದಂತೆ, ಆ ಥಿಯೇಟರಿನ ಸರಾಸರಿ ಪ್ರೇಕ್ಷಕರ ಸಂಖ್ಯೆ ಮುಟ್ಟಿದ ಚಿತ್ರವನ್ನು ಮುಂದುವರಿಸಲೇಬೇಕು ಅನ್ನುವ ನಿಯಮವೂ ಬಂತು. ಈ ನಿಯಮ ನಿಂತದ್ದು ಬೊರ್ಡೆರೋ ಮೇಲೆ. ಹಾಳೆ ಇಲ್ಲದಿದ್ದರೆ ಸರಾಸರಿ ಎಲ್ಲಿಂದ ತರುತ್ತೀರಿ?

ಫಲ ಏನು ಬಂತು? 1976ರ ನವೆಂಬರಿನಲ್ಲಿ 21 ವರ್ಷದ ಬ್ರೂನೊ ಬರೆಟೊ ನಿರ್ದೇಶಿಸಿದ, ಜೋರ್ಜ್ ಅಮಾಡೊ ಕಾದಂಬರಿ ಆಧರಿಸಿದ 'ದೋನಾ ಫ್ಲೋರ್ ಮತ್ತು ಅವಳ ಇಬ್ಬರು ಗಂಡಂದಿರು' ಬಿಡುಗಡೆಯಾಯಿತು. ಸೋನಿಯಾ ಬ್ರಾಗಾ ನಾಯಕಿ, ಹಂಚಿಕೆ ಎಂಬ್ರಾಫಿಲ್ಮ್. ಒಂದು ಕೋಟಿ ಏಳು ಲಕ್ಷದಷ್ಟು ಟಿಕೆಟ್ ಹೋದವು. ಬ್ರೆಜಿಲ್ ಚಿತ್ರವೊಂದು ಆ ದಾಖಲೆ ಮುರಿದದ್ದು 2010ರಲ್ಲಿ. 1976ರದೇ ಆದ 'ಶಿಕಾ ದಾ ಸಿಲ್ವಾ' ಕೂಡ ದೊಡ್ಡ ಗೆಲುವು. 1974ರಲ್ಲಿ ದೇಶೀ ಚಿತ್ರಗಳಿಗೆ ವರ್ಷಕ್ಕೆ ಸುಮಾರು ಮೂರು ಕೋಟಿ ಪ್ರೇಕ್ಷಕರಿದ್ದರು, 1978ರಲ್ಲಿ ಸುಮಾರು ಆರು ಕೋಟಿ. 1975ರ ನಂತರ ಒಟ್ಟು ಪ್ರೇಕ್ಷಕರ ಸಂಖ್ಯೆ ಇಳಿಯುತ್ತಿತ್ತು ಅನ್ನುವುದನ್ನು ಜೊತೆಗಿಟ್ಟು ಓದಿ.

ಆ ಆರು ಕೋಟಿಯೂ ಎಂಬ್ರಾಫಿಲ್ಮ್ ಪುಣ್ಯ ಅಂದರೆ ತಪ್ಪಾಗುತ್ತದೆ. ಕೋಟಾದ ದಿನ ತುಂಬಿಸಲು ಮಾಲೀಕರು ಬೇರೆ ದಾರಿ ಹಿಡಿದಿದ್ದರು. ತ್ರಿಯುಂಫೊ ಬೀದಿಯ ನಿರ್ಮಾಪಕರ ಜೊತೆ ಸೇರಿ ಕೆಲವೇ ವಾರಗಳಲ್ಲಿ, ಕಡಿಮೆ ದುಡ್ಡಿನಲ್ಲಿ ಪೋಲಿ ಹಾಸ್ಯಚಿತ್ರಗಳನ್ನು ಮಾಡಿಸಿದರು. ಪೋರ್ನೊಶಾಂಶಾದ ಅಂತ ಅವುಗಳ ಹೆಸರು. ಹೆಸರಿನಷ್ಟು ಹಸಿಯಾಗೇನೂ ಇರುತ್ತಿರಲಿಲ್ಲ, ಸೆನ್ಸಾರ್ ಕಣ್ಣಿತ್ತು. ಅವುಗಳಿಗೆ ಎಂಬ್ರಾಫಿಲ್ಮ್ ದುಡ್ಡು ಬೇಕಾಗಿರಲಿಲ್ಲ, ಕೋಟಾ ಬೇಕಾಗಿತ್ತು. ಇಂದಿಗೂ ಬ್ರೆಜಿಲ್‌ನಲ್ಲಿ ಅನೇಕರು ಎರಡನ್ನೂ ಒಂದೇ ಚೀಲಕ್ಕೆ ಹಾಕಿ ಸರ್ಕಾರದ ದುಡ್ಡಲ್ಲಿ ಪೋಲಿ ಚಿತ್ರ ತೆಗೆದರು ಅನ್ನುತ್ತಾರೆ. ಆ ಮಾತು ನಿಲ್ಲುವುದಿಲ್ಲ.

ಕಿರುಚಿತ್ರದ ನಿಯಮ ಇದಕ್ಕಿಂತ ಕೆಟ್ಟದಾಗಿ ಕೈಕೊಟ್ಟಿತು. ಪ್ರತಿ ವಿದೇಶಿ ಚಿತ್ರದ ಮುಂಚೆ ಒಂದು ದೇಶೀ ಕಿರುಚಿತ್ರ ಹಾಕಬೇಕು, ಗಲ್ಲಾದಿಂದ ಅದಕ್ಕೊಂದು ಸಣ್ಣ ಪಾಲು ಕೊಡಬೇಕು ಅಂತ ಕಾನೂನು. ಪಾಲು ಹೊರಗೆ ಯಾಕೆ ಕೊಡಬೇಕು ಅಂತ ಪ್ರದರ್ಶಕರೂ ಹಂಚಿಕೆದಾರರೂ ತಾವೇ ಯಾವುದೋ ಪ್ರವಾಸಿ ತಾಣದ ನಾಲ್ಕು ದೃಶ್ಯ ಸೇರಿಸಿ ಚಿತ್ರ ಮಾಡಿ ಹಾಕಿದರು. ಜನ ಶಿಳ್ಳೆ ಹೊಡೆದು ಕೂಗಿದರು. ಒಳ್ಳೆಯ ಕಿರುಚಿತ್ರ ತೆಗೆದವರು ಡಬ್ಬ ಹಿಡಿದು ಹೊರಗೇ ಉಳಿದರು.

ಕಂಪನಿಯ ಒಳಗಿನ ರಾಜಕೀಯಕ್ಕೆ ಒಂದೇ ಪ್ರಸಂಗ ಹೇಳುತ್ತೇನೆ. 1979ರಿಂದ ಎಂಬ್ರಾಫಿಲ್ಮ್ ಮುಖ್ಯಸ್ಥನಾಗಿದ್ದವನು ಒಬ್ಬ ಯುವ ರಾಜತಾಂತ್ರಿಕ. 1982ರಲ್ಲಿ ಕಂಪನಿ ದುಡ್ಡು ಹಾಕಿದ ಒಂದು ಚಿತ್ರದಲ್ಲಿ ಸೇನಾ ಆಡಳಿತ ಕಾಲದ ಚಿತ್ರಹಿಂಸೆ ನೇರವಾಗಿ ಬಂತು. ಅದು 'ಪ್ರಾ ಫ್ರೆಂಚಿ ಬ್ರಸಿಲ್', ನಿರ್ದೇಶಕ ಹಿಂದಿನ ಮುಖ್ಯಸ್ಥ ಫರಿಯಾಸ್. ಸರ್ಕಾರದ ದುಡ್ಡಲ್ಲಿ ಸರ್ಕಾರದ ಮೇಲೇ ಆರೋಪ. ಚಿತ್ರವನ್ನು ಸೆನ್ಸಾರ್ ತಡೆಹಿಡಿಯಿತು, ರಾಜತಾಂತ್ರಿಕ ಹುದ್ದೆ ಬಿಡಬೇಕಾಯಿತು. ಅವನ ಹೆಸರು ಸೆಲ್ಸೊ ಅಮೊರಿಂ. ಮುಂದೆ ಲೂಲಾ ಸರ್ಕಾರದ ವಿದೇಶಾಂಗ ಮಂತ್ರಿಯಾಗಿ ಭಾರತ, ಬ್ರೆಜಿಲ್, ದಕ್ಷಿಣ ಆಫ್ರಿಕಾ ಸೇರಿ 2003ರಲ್ಲಿ ಕಟ್ಟಿದ ವೇದಿಕೆಗೆ ಕಾರಣರಾದವರಲ್ಲಿ ಒಬ್ಬ. ದೆಹಲಿಯಲ್ಲಿ ಅವನ ಕೈಕುಲುಕಿದವರಲ್ಲಿ ಎಷ್ಟು ಜನಕ್ಕೆ ಇದು ಗೊತ್ತಿತ್ತೋ!

ಎಂಬತ್ತರ ದಶಕದಲ್ಲಿ ಎಲ್ಲ ಕಡೆಯಿಂದ ಹೊಡೆತ ಬಿತ್ತು. ದೊಡ್ಡದು ಹಣದುಬ್ಬರ. ಟಿಕೆಟ್ ದುಡ್ಡು ಇವತ್ತು ಗಲ್ಲಾಕ್ಕೆ ಬೀಳುತ್ತದೆ. ಅದರಲ್ಲಿ ಅರ್ಧ ಪ್ರದರ್ಶಕನದು. ಉಳಿದ ಅರ್ಧ ಹಂಚಿಕೆ ಕಚೇರಿ ಸೇರಿ, ಕಮಿಷನ್ ಕಳೆದು, ಪ್ರಿಂಟ್ ಮತ್ತು ಪ್ರಚಾರದ ಖರ್ಚು ಕಳೆದು, ಮುಂಗಡ ಮುರಿದುಕೊಂಡು ನಿರ್ಮಾಪಕನಿಗೆ ಬರಬೇಕು. ತಿಂಗಳಿಗೆ ಬೆಲೆಗಳು ಶೇಕಡ ಹತ್ತು, ಇಪ್ಪತ್ತು ಏರುವ ದೇಶದಲ್ಲಿ ಎರಡು ತಿಂಗಳು ತಡವಾದರೆ ಕೈಗೆ ಸಿಗುವ ದುಡ್ಡು ಅದೇ ಸಂಖ್ಯೆ, ಬೆಲೆ ಮಾತ್ರ ಕರಗಿರುತ್ತದೆ. ತಡಮಾಡಿದಷ್ಟೂ ಮಾಲೀಕನಿಗೆ ಲಾಭ. ಇದರ ಜೊತೆಗೆ ಟಿವಿ. 1975ರ ಹೊತ್ತಿಗೆ ದೇಶದಲ್ಲಿ ಸುಮಾರು 3,300 ಚಿತ್ರಮಂದಿರಗಳಿದ್ದವು, 1997ಕ್ಕೆ ಸಾವಿರದ ಆಸುಪಾಸಿಗೆ ಇಳಿದವು. ಮುಚ್ಚಿದ್ದರಲ್ಲಿ ಹೆಚ್ಚಿನವು ಸಣ್ಣ ಊರುಗಳವು, ದೇಶೀ ಚಿತ್ರ ನೋಡುತ್ತಿದ್ದ ಜನರವು. ಉಳಿದ ಪ್ರದರ್ಶಕರು ಕೋಟಾ ವಿರುದ್ಧ ಕೋರ್ಟಿನಿಂದ ತಡೆಯಾಜ್ಞೆ ತಂದರು.

ಒಳಗಿನ ಕಾಯಿಲೆಯೂ ಇತ್ತು. ಬಜೆಟ್ ಪೂರ್ತಿ ಕಂಪನಿಯದೇ ಆದಾಗ ಚಿತ್ರ ನಡೆಯಲೇಬೇಕೆಂಬ ಒತ್ತಡ ನಿರ್ಮಾಪಕನಿಗೆ ಇರುವುದಿಲ್ಲ. ಯಾರಿಗೆ ದುಡ್ಡು, ಯಾಕೆ ಇವರಿಗೇ ಮತ್ತೆ ಮತ್ತೆ ಅನ್ನುವ ಜಗಳ ಪತ್ರಿಕೆಗಳಲ್ಲಿ ವರ್ಷಗಟ್ಟಲೆ ನಡೆಯಿತು. ಆರೋಪಗಳಲ್ಲಿ ಅರ್ಧ ನಿಜ ಅಂತಲೇ ಇಟ್ಟುಕೊಳ್ಳಿ. ಆದರೂ 1990ರ ಮಾರ್ಚ್ ಮಧ್ಯದಲ್ಲಿ ಅಧ್ಯಕ್ಷನಾದ ಕೂಡಲೇ ಫೆರ್ನಾಂಡೊ ಕೊಲೊರ್ ಮಾಡಿದ್ದು ಚಿಕಿತ್ಸೆಯಲ್ಲ. ಎಂಬ್ರಾಫಿಲ್ಮ್, ಕಾನ್ಸಿನೆ ಎರಡನ್ನೂ ಒಟ್ಟಿಗೆ ಮುಚ್ಚಿದ. ಅದೇ ಏಟಿಗೆ ದೇಶದ ಬ್ಯಾಂಕ್ ಠೇವಣಿಗಳನ್ನೂ ಸ್ಥಗಿತಗೊಳಿಸಿದ್ದರಿಂದ ಸ್ವಂತ ದುಡ್ಡು ಇದ್ದವರಿಗೂ ಚಿತ್ರ ಮುಗಿಸಲು ದಾರಿ ಉಳಿಯಲಿಲ್ಲ. ಕಂಪನಿ ಸಹಮಾಲೀಕನಾಗಿದ್ದ ಚಿತ್ರಗಳ ಹಕ್ಕು ಅತಂತ್ರವಾಯಿತು. 1992ರಲ್ಲಿ ಥಿಯೇಟರ್ ಕಂಡ ದೇಶೀ ಚಿತ್ರಗಳನ್ನು ಬೆರಳಲ್ಲಿ ಎಣಿಸಬಹುದಿತ್ತು. ಬ್ರೆಜಿಲ್ ಚಿತ್ರಗಳಿಗೆಂದೇ ಇದ್ದ ಗ್ರಮಾಡೊ ಉತ್ಸವ ಆ ವರ್ಷ ಹೊರದೇಶದ ಚಿತ್ರಗಳನ್ನು ಸೇರಿಸಿಕೊಳ್ಳಬೇಕಾಯಿತು, ಸ್ಪರ್ಧೆಗೆ ಸಾಕಷ್ಟು ಚಿತ್ರಗಳೇ ಇರಲಿಲ್ಲ. ಇನ್ನೊಂದು ನಷ್ಟ ಅಷ್ಟಾಗಿ ಕಣ್ಣಿಗೆ ಬೀಳಲಿಲ್ಲ. ಎಣಿಸುವ ಕಚೇರಿಯೇ ಹೋದದ್ದರಿಂದ ಆ ಕೆಲವು ವರ್ಷಗಳ ನಂಬಬಹುದಾದ ಗಲ್ಲಾ ಅಂಕಿಗಳು ಸಿಗುವುದೇ ಕಷ್ಟ. ಹಳೆಯ ಕಡತಗಳ ಗತಿಯೂ ನೆಟ್ಟಗಾಗಲಿಲ್ಲ. ಎಂಬ್ರಾಫಿಲ್ಮ್ ಮತ್ತು ಕಾನ್ಸಿನೆ ದಾಖಲೆಗಳಲ್ಲಿ ದೊಡ್ಡ ಭಾಗ 2021ರ ಜುಲೈ 29ರಂದು ಸಾವೊ ಪಾವ್ಲೊದ ಸಿನಿಮಾಟೆಕಾ ಎಂಬ ಚಿತ್ರ ಸಂಗ್ರಹಾಲಯದ ಗೋದಾಮಿಗೆ ಬೆಂಕಿ ಬಿದ್ದಾಗ ಸುಟ್ಟುಹೋಯಿತು.

1993ರ ಕಾನೂನು ಬೇರೆ ದಾರಿ ಹಿಡಿಯಿತು. ಕಂಪನಿಗಳು ಕಟ್ಟಬೇಕಾದ ಆದಾಯ ತೆರಿಗೆಯ ಒಂದು ಭಾಗವನ್ನು ಚಿತ್ರಗಳಿಗೆ ಹಾಕಬಹುದು. ವಿದೇಶಿ ಹಂಚಿಕೆದಾರರು ಲಾಭ ಹೊರಗೆ ಕಳಿಸುವಾಗ ಕಟ್ಟುವ ತೆರಿಗೆಯ ಶೇಕಡ 70ರಷ್ಟನ್ನು ಬ್ರೆಜಿಲ್ ಚಿತ್ರಗಳ ಸಹನಿರ್ಮಾಣಕ್ಕೆ ಬಳಸಬಹುದು. ನಿರ್ಮಾಣಕ್ಕೆ ದುಡ್ಡು ಬಂತು. ಹಂಚಿಕೆಗೆ? 1995ರಲ್ಲಿ ಕಾರ್ಲಾ ಕಮುರಾಟಿ ತನ್ನ 'ಕಾರ್ಲೋಟಾ ಜೊಅಕಿನಾ' ಚಿತ್ರವನ್ನು ತಾನೇ ಹೊತ್ತು ಊರೂರಿಗೆ ಮುಟ್ಟಿಸಿ ಹತ್ತು ಲಕ್ಷಕ್ಕೂ ಹೆಚ್ಚು ಜನರಿಗೆ ತೋರಿಸಿದಳು, ಮಜ್ಜರೋಪಿ ಮಾಡಿದ ಹಾಗೆ. ಎಲ್ಲರಿಗೂ ಅದು ಆಗುವುದಿಲ್ಲ. ತೆರಿಗೆ ದುಡ್ಡಲ್ಲಿ ಮುಗಿದ ಎಷ್ಟೋ ಚಿತ್ರಗಳು ಒಂದೆರಡು ಪರದೆ ಕಂಡು ಮಲಗಿದವು.

2001ರ ಸೆಪ್ಟೆಂಬರಿನಲ್ಲಿ ಆನ್ಸಿನೆ ಎಂಬ ನಿಯಂತ್ರಣ ಸಂಸ್ಥೆ ಬಂತು. ಅದರ ಮೊದಲ ಅಧ್ಯಕ್ಷ ಯಾರು ಗೊತ್ತೇ? ಎಂಬ್ರಾಫಿಲ್ಮ್ ಹಂಚಿಕೆ ನೋಡಿಕೊಂಡಿದ್ದ ಅದೇ ಗುಸ್ತಾವೊ ದಾಲ್. ಹೊಸ ಸಂಸ್ಥೆ ಚಿತ್ರ ಹಂಚುವುದಿಲ್ಲ, ನಿಯಮ ಮಾಡುತ್ತದೆ, ನಿಧಿ ನಡೆಸುತ್ತದೆ, ಲೆಕ್ಕ ಕೇಳುತ್ತದೆ. ಬೊರ್ಡೆರೋ ಈಗ ಕಾಗದವಲ್ಲ. ಥಿಯೇಟರಿನ ಟಿಕೆಟ್ ಕಂಪ್ಯೂಟರು ಪ್ರತಿ ಆಟದ ಲೆಕ್ಕವನ್ನು ನೇರ ಆನ್ಸಿನೆಗೆ ಕಳಿಸುತ್ತದೆ. ಕೋಟಾ ಕಾನೂನಿನ ಅವಧಿ 2021ರಲ್ಲಿ ಮುಗಿದು ಕೆಲಕಾಲ ಏನೂ ಇರಲಿಲ್ಲ. 2024ರ ಜನವರಿಯ ಕಾನೂನು ಅದನ್ನು 2033ರವರೆಗೆ ಮರಳಿ ತಂದಿತು. ಅದೇ ವರ್ಷ ಬಿಡುಗಡೆಯಾದ ವಾಲ್ಟರ್ ಸಾಲೆಸ್‌ನ 'ಐಂದಾ ಎಸ್ತೋ ಅಕಿ' ಐವತ್ತು ಲಕ್ಷಕ್ಕೂ ಹೆಚ್ಚು ಟಿಕೆಟ್ ಮಾರಿ, 2025ರಲ್ಲಿ ಅಂತರರಾಷ್ಟ್ರೀಯ ಚಿತ್ರಕ್ಕಿರುವ ಆಸ್ಕರ್ ಪಡೆಯಿತು.

ಈಗಿನ ಜಗಳ ಸ್ಟ್ರೀಮಿಂಗ್ ಬಗ್ಗೆ. ಆ ಕಂಪನಿಗಳ ಮೇಲೆ ತೆರಿಗೆ ಎಷ್ಟು, ದೇಶೀ ಚಿತ್ರಗಳಿಗೆ ಜಾಗ ಎಷ್ಟು ಅಂತ ಬ್ರೆಜಿಲ್ ಸಂಸತ್ತಿನಲ್ಲಿ ವರ್ಷಗಳಿಂದ ಎಳೆದಾಟ ನಡೆದಿದೆ. ಚರ್ಚೆಯೆಲ್ಲ ಶೇಕಡಾವಾರಿನ ಸುತ್ತಲೇ. ನನ್ನನ್ನು ಕೇಳಿದರೆ ಮೊದಲು ಇತ್ಯರ್ಥವಾಗಬೇಕಾದದ್ದು ಬೊರ್ಡೆರೋ. ಒಂದು ಚಿತ್ರವನ್ನು ಎಷ್ಟು ಮನೆಗಳಲ್ಲಿ, ಎಷ್ಟು ನಿಮಿಷ ನೋಡಿದರು ಅನ್ನುವ ಸಂಖ್ಯೆ ಈಗ ಕಂಪನಿಯ ಸರ್ವರಿನಲ್ಲಿ ಮಾತ್ರ ಇದೆ. ಅವರು ಹೇಳಿದಷ್ಟನ್ನು ನಿರ್ಮಾಪಕ ನಂಬಬೇಕು. ಬಾಗಿಲಲ್ಲಿ ನಿಂತು ತಲೆ ಎಣಿಸಲು ಅಲ್ಲಿ ಬಾಗಿಲೂ ಇಲ್ಲ.